ಬಿಸಾಡಿದ್ದೆಲ್ಲ ಎಂಜಲಲ್ಲ

ಓದುಗರ ಪತ್ರ: ‘ಅಂಗಡಿಯವರು ರಾತ್ರಿ ತೊಟ್ಟಿಗೆ ಹಾಕುವ ಹಣ್ಣು, ತರಕಾರಿ, ಬ್ರೆಡ್ ತಂದು ನಾಲ್ಕು ತಿಂಗಳಿಂದ ಊಟ ನಡೆಸುತ್ತಿದ್ದೇನೆ. ಕೂರುವ ಕುರ್ಚಿಯೂ ಯಾರೋ ಬೀದಿಗಿಟ್ಟದ್ದು. ಹಣವಿಲ್ಲದೆ ಅಲ್ಲ, ಹಾಳಾಗುವುದನ್ನು ನೋಡಲಾರದೆ. ಎಂಜಲು ತಿನ್ನುತ್ತೀಯಾ ಎಂದು ಅಣ್ಣ ಮಾತು ಬಿಟ್ಟಿದ್ದಾನೆ. ನನ್ನದು ತಪ್ಪೇ?’

ಸಂಪಾದಕರ ಉತ್ತರ:

ತಪ್ಪಲ್ಲ. ಎಂಜಲು ಎಂದರೆ ಇನ್ನೊಬ್ಬರ ಬಾಯಿ ಮುಟ್ಟಿದ್ದು. ಮಾರಾಟವಾಗದೆ ಉಳಿದ ಹಣ್ಣನ್ನು ಯಾರ ಬಾಯಿಯೂ ಮುಟ್ಟಿಲ್ಲ. ತುಸು ಸೊಟ್ಟಗಿದೆ, ಒಂದು ಕಡೆ ಕಲೆ ಬಿದ್ದಿದೆ, ಅಷ್ಟೇ. ನಾಚಬೇಕಾದವರು ಎಸೆದವರು, ಎತ್ತಿಕೊಂಡ ನೀವಲ್ಲ.

ಆದರೆ ಎಂಜಲು ಬೇರೆ, ಹಳಸಿದ್ದು ಬೇರೆ. ಬೇಯಿಸಿದ ಅನ್ನ, ಮಾಂಸ, ಹಾಲಿನ ಪದಾರ್ಥಗಳನ್ನು ತೊಟ್ಟಿಯಿಂದ ತರಲೇಬೇಡಿ. ಮತ್ತೊಮ್ಮೆ ಕುದಿಸಿದರಾಯಿತು ಎಂಬ ನಂಬಿಕೆ ಅಪಾಯಕಾರಿ: ಕುದಿಸಿದರೆ ರೋಗಾಣು ಸಾಯಬಹುದು, ಕೆಲವು ರೋಗಾಣುಗಳು ಅಷ್ಟರಲ್ಲಿ ಉಗುಳಿಟ್ಟ ವಿಷ ಹೋಗುವುದಿಲ್ಲ. ಪೊಟ್ಟಣದ ಮೇಲಿನ ದಿನಾಂಕವನ್ನೂ ಓದಿ. ‘ಇದರೊಳಗೆ ಬಳಸಿದರೆ ಉತ್ತಮ’ ಎಂಬುದು ರುಚಿಯ ಮಾತು, ‘ಇದರೊಳಗೇ ಬಳಸಿ’ ಎಂಬುದು ಆರೋಗ್ಯದ ಮಾತು. ಮರದ ಕುರ್ಚಿಯಾದರೆ ಕೀಲುಗಳ ಸಂದಿಯಲ್ಲಿ, ಮೆತ್ತೆಯಿದ್ದರೆ ಹೊಲಿಗೆಯ ಸಂದಿಯಲ್ಲಿ ತಿಗಣೆ ಹುಡುಕಿ.

ಇನ್ನೊಂದು ವಿಷಯ, ಇದು ನನಗೆ ಮುಖ್ಯ. ಕತ್ತಲಲ್ಲಿ ತೊಟ್ಟಿಗೆ ಕೈಹಾಕುವ ಬದಲು ಹಗಲಲ್ಲಿ ಅಂಗಡಿಯವರನ್ನು ಕೇಳಿ. ಬೀಗ ಹಾಕಿದ ತೊಟ್ಟಿಯಿಂದ ಆಹಾರ ತೆಗೆದ ಇಬ್ಬರು ವಿದ್ಯಾರ್ಥಿನಿಯರು ಕಳ್ಳತನದ ತಪ್ಪಿತಸ್ಥರೆಂಬ ತೀರ್ಪು ಜರ್ಮನಿಯ ಸಂವಿಧಾನ ನ್ಯಾಯಾಲಯದಲ್ಲೂ 2020ರಲ್ಲಿ ಉಳಿಯಿತು. ಫ್ರಾನ್ಸ್ 2016ರಲ್ಲೇ ಬೇರೆ ದಾರಿ ಹಿಡಿದಿತ್ತು: ದೊಡ್ಡ ಸೂಪರ್‌ಮಾರ್ಕೆಟ್‌ಗಳು ತಿನ್ನಬಹುದಾದ ಆಹಾರವನ್ನು ಬೇಕೆಂದೇ ಕೆಡಿಸುವಂತಿಲ್ಲ, ದಾನ ಪಡೆಯುವ ಸಂಸ್ಥೆಗಳೊಡನೆ ಒಪ್ಪಂದ ಮಾಡಿಕೊಳ್ಳಬೇಕು. ನಿಮ್ಮಂಥವರು ಬಾಯಿಬಿಟ್ಟು ಕೇಳಿದರೆ ಆಹಾರ ತೊಟ್ಟಿಗೆ ಬೀಳುವ ಮೊದಲೇ ಹಸಿದವರನ್ನು ತಲುಪೀತು. ಅದೇ ತೊಟ್ಟಿಗೆ ಬೇರೆ ದಾರಿಯಿಲ್ಲದೆ ಬರುವವರು ಇದ್ದಾರೆ. ಅವರು ಬಂದಾಗ ದಯವಿಟ್ಟು ಹಿಂದೆ ಸರಿದು ನಿಲ್ಲಿ. ನಿಮಗೆ ಅದು ಆಯ್ಕೆ, ಅವರಿಗೆ ಅಂದಿನ ಊಟ.

ಕೊನೆಯದಾಗಿ ಒಂದು ಲೆಕ್ಕ. ವಿಶ್ವಸಂಸ್ಥೆಯ ಪರಿಸರ ಕಾರ್ಯಕ್ರಮದ ಅಂದಾಜಿನಂತೆ 2022ರಲ್ಲಿ ಅಂಗಡಿ, ಹೋಟೆಲ್, ಮನೆಗಳು ಸೇರಿ ವ್ಯರ್ಥ ಮಾಡಿದ ಆಹಾರ ಸುಮಾರು 105 ಕೋಟಿ ಟನ್ (ಸಿಪ್ಪೆಯಂಥ ತಿನ್ನಲಾಗದ ಭಾಗವೂ ಇದರಲ್ಲಿದೆ). ಅಂಗಡಿಗಳ ಪಾಲು ಶೇ 12, ಮನೆಗಳದು ಶೇ 60. ಪುಕ್ಕಟೆ ಸಿಕ್ಕಿತೆಂದು ಹೊತ್ತು ತಂದದ್ದು ಮನೆಯಲ್ಲಿ ಕೊಳೆತರೆ ತೊಟ್ಟಿ ಬದಲಾಯಿತೇ ಹೊರತು ಏನೂ ಉಳಿಯಲಿಲ್ಲ. ನೀವು ತಂದದ್ದರಲ್ಲಿ ನಿಮ್ಮ ಕೈಯಲ್ಲೇ ಹಾಳಾದದ್ದೆಷ್ಟು? ಪತ್ರದಲ್ಲಿ ಅದೊಂದು ಇಲ್ಲ. ಬರೆದು ಕಳಿಸಿ, ಪ್ರಕಟಿಸುತ್ತೇನೆ.