ಗಳುವಿನ ಮೇಲಿನ ಮಡಿ

ಓದುಗರ ಪತ್ರ (ಸಂಕ್ಷಿಪ್ತವಾಗಿ)

ಮಾನ್ಯ ಸಂಪಾದಕರೇ, ನಾನು ಮಂಡ್ಯದಲ್ಲಿ ದ್ವಿತೀಯ ಪಿಯುಸಿ ಓದುತ್ತಿದ್ದೇನೆ. ನಮ್ಮ ಮನೆಯಲ್ಲಿ ವರಮಹಾಲಕ್ಷ್ಮಿ ಹಬ್ಬಕ್ಕೆ ಕಳಶಕ್ಕೆ ಸೀರೆ ಉಡಿಸುವುದು ಐದು ವರ್ಷದಿಂದ ನಾನೇ. ಹೋದ ವರ್ಷ ಹಬ್ಬದ ದಿನ ಬೆಳಿಗ್ಗೆಯೇ ಮುಟ್ಟಾಯಿತು. ಯಾರಿಗೂ ಹೇಳಲಿಲ್ಲ. ಅಲಂಕಾರ ಮುಗಿಸಿದೆ, ಆರತಿಯನ್ನೂ ಎತ್ತಿದೆ. ಮಧ್ಯಾಹ್ನ ಅಜ್ಜಿ ಬಚ್ಚಲಲ್ಲಿ ಜಾರಿ ಬಿದ್ದು ಮಣಿಕಟ್ಟು ಮುರಿಯಿತು. ನನ್ನಿಂದಲೇ ಅಂತ ಇವತ್ತಿಗೂ ಅನ್ನಿಸುತ್ತದೆ. ಆಮೇಲೆ ಒಂದು ಸಂಸ್ಕಾರ ಶಿಬಿರಕ್ಕೆ ಹೋಗಿದ್ದೆ. ಅಲ್ಲಿ ಒಬ್ಬರು ಬಿಳಿ ಬಟ್ಟೆಗೆ ಇಂಕು ಚೆಲ್ಲಿ, ಹೆಣ್ಣುಮಗಳು ಅಂದರೆ ಇದು, ಒಂದು ಸಲ ಕಲೆಯಾದರೆ ಮುಗಿಯಿತು ಅಂದರು. ಕ್ಲಾಸಿನ ಹುಡುಗನ ಜೊತೆ ಬಸ್‌ಸ್ಟ್ಯಾಂಡಿನಲ್ಲಿ ನಕ್ಕು ಮಾತಾಡಿದ್ದು ನೆನಪಾಗಿ ಮೈ ಬೆವರಿತು. ಈಗ ದಿನಕ್ಕೆ ಮೂರು ಸಲ ಸ್ನಾನ ಮಾಡುತ್ತೇನೆ. ಸ್ತೋತ್ರ ಹೇಳುವಾಗ ಬೇರೆ ಯೋಚನೆ ಬಂದರೆ ಮತ್ತೆ ಮೊದಲಿನಿಂದ ಶುರು ಮಾಡುತ್ತೇನೆ. ಕನ್ನಡಿ ನೋಡಿಕೊಳ್ಳಲು ಆಗುವುದಿಲ್ಲ. ದೇವಿ ನನ್ನನ್ನು ಕ್ಷಮಿಸುತ್ತಾಳಾ? ಹೀಗೆಲ್ಲ ಕೇಳುವುದೇ ತಪ್ಪಾ? ದಯವಿಟ್ಟು ಹೆಸರು ಹಾಕಬೇಡಿ.

ಸಂಪಾದಕರ ಉತ್ತರ

ಮಗಳೇ, ಹೆಸರು ಹಾಕಿಲ್ಲ. ಗುರುತು ಸಿಗುವಂಥ ನಾಲ್ಕೈದು ಸಾಲನ್ನೂ ತೆಗೆದಿದ್ದೇನೆ. ನಿನ್ನ ಕಾಗದ ಆರು ಪುಟ ಇತ್ತು. ಅದರಲ್ಲಿ 'ಕ್ಷಮಿಸಿ' ಅನ್ನುವ ಮಾತು ಹನ್ನೊಂದು ಸಲ ಬಂದಿದೆ, ಎಣಿಸಿದೆ. ಕೊನೆಯ ಸಲ ಕ್ಷಮೆ ಕೇಳಿರುವುದು ಅಕ್ಷರ ದುಂಡಗಿಲ್ಲ ಅಂತ! ಅಕ್ಷರ ಚೆನ್ನಾಗಿಯೇ ಇದೆ.

ಮೊದಲು ಅಜ್ಜಿಯ ಕೈ ವಿಚಾರ ಮುಗಿಸೋಣ. ನಿನ್ನ ಎದೆಯ ಮೇಲೆ ಕಲ್ಲಿನ ಹಾಗೆ ಕೂತಿರುವುದು ಅದೇ. ಹಬ್ಬದ ದಿನ ಮನೆಮಂದಿಯೆಲ್ಲ ಎಣ್ಣೆ ನೀರು ಹಾಕಿಕೊಂಡರು ಅಂತ ನೀನೇ ಬರೆದಿದ್ದೀಯ. ಐದಾರು ಜನರ ಎಣ್ಣೆ, ಸೀಗೆಪುಡಿ ಬಿದ್ದ ಬಚ್ಚಲು ಅದು. ಎಪ್ಪತ್ತು ದಾಟಿದವರು ಅಲ್ಲಿ ಜಾರದಿದ್ದರೇ ಆಶ್ಚರ್ಯ. ಇನ್ನು ಮೂಳೆ. ಹೆಂಗಸರಿಗೆ ಮುಟ್ಟು ನಿಂತ ಮೇಲೆ ಮೈಯಲ್ಲಿ ಈಸ್ಟ್ರೋಜನ್ ಅನ್ನುವ ಹಾರ್ಮೋನು ಇಳಿಯುತ್ತದೆ, ಅದರ ಹಿಂದೆಯೇ ಮೂಳೆ ಸವೆಯಲು ಶುರುವಾಗುತ್ತದೆ. ಬೀಳುವಾಗ ಯಾರೇ ಆಗಲಿ ಕೈ ಊರುತ್ತಾರೆ. ಅದಕ್ಕೇ ವಯಸ್ಸಾದ ಹೆಂಗಸರಲ್ಲಿ ಮಣಿಕಟ್ಟು ಮುರಿಯುವುದು ಅಷ್ಟು ಸಾಮಾನ್ಯ. ಅಂದರೆ ನಿನ್ನ ಲೆಕ್ಕ ತಿರುವುಮುರುವಾಗಿದೆ. ನಿನಗೆ ಮುಟ್ಟು ಬಂದದ್ದಕ್ಕೂ ಆ ಕೈಗೂ ಸಂಬಂಧವಿಲ್ಲ, ಅಜ್ಜಿಗೆ ಮುಟ್ಟು ನಿಂತು ಇಪ್ಪತ್ತು ವರ್ಷ ಕಳೆದದ್ದಕ್ಕೂ ಆ ಕೈಗೂ ಇದೆ. ಪ್ರಾಯಶ್ಚಿತ್ತ ಮಾಡಲೇಬೇಕು ಅನ್ನಿಸಿದರೆ ಬಚ್ಚಲಿಗೆ ಒಂದು ರಬ್ಬರ್ ಮ್ಯಾಟ್ ಹಾಕಿಸು, ಗೋಡೆಗೆ ಹಿಡಿದುಕೊಳ್ಳಲು ಒಂದು ಕಂಬಿ ಹೊಡೆಸು. ಅಜ್ಜಿಯ ಮೂಳೆ ಎಷ್ಟು ಗಟ್ಟಿ ಇದೆ ಅಂತ ಡಾಕ್ಟರ ಹತ್ತಿರ ಒಂದು ಸಲ ತೋರಿಸಿ.

ಈಗ ಆ ಬಿಳಿ ಬಟ್ಟೆ. ಓದಿದ ಕೂಡಲೇ ನನಗನ್ನಿಸಿದ್ದು, ಆ ಭಾಷಣಕಾರರು ಜನ್ಮದಲ್ಲಿ ಒಂದು ಪಂಚೆಯನ್ನೂ ಒಗೆದವರಲ್ಲ. ಒಗೆಯುವ ಕೈಗೆ ಗೊತ್ತು, ಬಟ್ಟೆ ಇರುವುದೇ ಕೊಳೆಯಾಗಲಿಕ್ಕೆ, ಒಗೆಸಿಕೊಳ್ಳಲಿಕ್ಕೆ, ಮತ್ತೆ ಉಡಲಿಕ್ಕೆ. ನಮ್ಮ 'ಮಡಿ' ಅನ್ನುವ ಮಾತನ್ನೇ ನೋಡು. ಮಡಿ ಅಂದರೆ ಒಗೆದ ಬಟ್ಟೆ. ಅದನ್ನು ಒಗೆಯುವವನು ಮಡಿವಾಳ. (ಊರಿಗೆಲ್ಲ ಮಡಿ ಮಾಡಿಕೊಟ್ಟವನನ್ನೇ ಊರು ಹೊರಗೆ ನಿಲ್ಲಿಸಿತು, ಅದು ಇನ್ನೊಂದು ಕತೆ.) ಮೈಸೂರಿನ ಕೃಷ್ಣಮೂರ್ತಿಪುರಂನ ನಮ್ಮ ಮನೆಯಲ್ಲಿ ಹಜಾರದ ಸೂರಿಗೆ ಒಂದು ಬಿದಿರಿನ ಗಳು ಕಟ್ಟಿತ್ತು. ಮಡಿಕೋಲಿನಿಂದ ಒದ್ದೆ ಸೀರೆಯನ್ನು ಅದರ ಮೇಲೆ ಹರವುತ್ತಿದ್ದರು. ಬೆಳಿಗ್ಗೆ ಅದನ್ನು ಉಟ್ಟರೆ ಮಡಿ, ಊಟವಾಗಿ ಬಿಚ್ಚಿಟ್ಟರೆ ಮುಗಿಯಿತು. ಮಡಿ ಇದ್ದದ್ದು ಸೀರೆಗೆ. ಒಳಗಿದ್ದ ಹೆಂಗಸು ಉಟ್ಟಾಗಲೂ ಅವಳೇ, ಬಿಚ್ಚಿದಾಗಲೂ ಅವಳೇ. ಮೈಲಿಗೆಯೂ ಹಾಗೆಯೇ. ಸಾವಿನ ಸೂತಕಕ್ಕೂ ಒಂದು ಗಡುವಿದೆ, ಪುರುಡಿಗೂ ಇದೆ. ನೀವು 'ಹೊರಗೆ ಕೂರುವುದು' ಕೂಡ ನಾಲ್ಕನೆಯ ದಿನ ತಲೆಗೆ ನೀರು ಬಿದ್ದರೆ ತೀರಿತು. ಒಂದು ಸಲ ಕಲೆಯಾದರೆ ಮುಗಿಯಿತು ಅನ್ನುವ ಮಾತನ್ನು ನಮ್ಮ ಮನೆಯ ಕಟ್ಟಾ ಮಡಿವಂತರ ಬಾಯಲ್ಲೂ ನಾನು ಕೇಳಿಲ್ಲ. ಶಿಬಿರದವರು ಅದನ್ನು ಯಾವ ಶಾಸ್ತ್ರದಿಂದ ತಂದರೋ.

ಹೀಗಂತ ಹಳೆಯದೆಲ್ಲ ಚಿನ್ನ ಅಂತ ನಿನ್ನ ಮುಂದೆ ಸುಳ್ಳು ಹೇಳಲಾರೆ. ತೊಳೆದರೂ ಹೋಗದ ಮೈಲಿಗೆಯನ್ನು ಜಾತಿಯ ಹೆಸರಲ್ಲಿ ಹುಟ್ಟುವ ಕೂಸಿಗೇ ಹಚ್ಚಿದವರು ನಾವು. ಅದೇ ಹಜಾರದಲ್ಲಿ ನನ್ನ ಅಜ್ಜಿಯ ಅಕ್ಕ ಇದ್ದಳು. ನಾವು ದೊಡ್ಡಜ್ಜಿ ಅನ್ನುತ್ತಿದ್ದೆವು. ಮೈನೆರೆಯುವ ಮೊದಲೇ ಹೆಣ್ಣನ್ನು ಧಾರೆ ಎರೆದು ಕೊಡದಿದ್ದರೆ ಅಪ್ಪನಿಗೆ ಪಾಪ ಅನ್ನುವ ಕಾಲ. ಮೈಸೂರು ಸಂಸ್ಥಾನ 1894ರಲ್ಲೇ ಬಾಲ್ಯವಿವಾಹದ ವಿರುದ್ಧ ಕಾನೂನು ತಂದಿತ್ತು, ಆದರೆ ಅದು ತಡೆದದ್ದು ಎಂಟು ತುಂಬದ ಹುಡುಗಿಯರ ಮದುವೆಯನ್ನು. ದೊಡ್ಡಜ್ಜಿಗೆ ಒಂಬತ್ತಾಗಿತ್ತು. ಹದಿಮೂರಕ್ಕೆ ಗಂಡ ಹೋದ. ತಲೆ ಬೋಳಿಸಿ ಕೆಂಪು ಸೀರೆ ಉಡಿಸಿದರು. ಅಲ್ಲಿಂದ ಮುಂದೆ ಅರವತ್ತು ವರ್ಷ ಆ ಮನೆಯಲ್ಲಿ ಅವಳಷ್ಟು ಮಡಿ ಯಾರೂ ಇರಲಿಲ್ಲ. ಶ್ರಾದ್ಧದ ಅಡುಗೆಗೆ ಅವಳೇ ಬೇಕು. ಆದರೆ ಆರತಿ ತಟ್ಟೆ ಮುಟ್ಟುವಂತಿಲ್ಲ, ಯಾರಾದರೂ ಪ್ರಯಾಣ ಹೊರಟಾಗ ಎದುರಿಗೆ ಬರುವಂತಿಲ್ಲ. ನಾನು ಪರೀಕ್ಷೆಗೆ ಹೊರಟರೆ ತಾನಾಗಿಯೇ ಅಡುಗೆಮನೆ ಬಾಗಿಲ ಹಿಂದೆ ನಿಲ್ಲುತ್ತಿದ್ದಳು. ಹಿಂದಿನಿಂದ ಬಂದು ಕೈಗೆ ಒಂದು ಚೂರು ಬೆಲ್ಲ ತುರುಕಿ, ತಿರುಗಿ ನೋಡಬೇಡ, ಹೋಗು ಅನ್ನುತ್ತಿದ್ದಳು. ನಾನು ಯಾವತ್ತೂ ತಿರುಗಲಿಲ್ಲ. ಆಗ ಅದು ವಿಧೇಯತೆ ಅಂದುಕೊಂಡಿದ್ದೆ. ಮಡಿಯಾಗಿದ್ದರೆ ಎಲ್ಲ ಒಳ್ಳೆಯದಾಗುತ್ತದೆ ಅಂತ ಯಾರಾದರೂ ನನ್ನ ಮುಂದೆ ಅಂದರೆ, ಆ ಬಾಗಿಲ ಹಿಂದಿನ ಕೆಂಪು ಸೀರೆ ಕಣ್ಣಿಗೆ ಕಟ್ಟುತ್ತದೆ.

ನಿಮ್ಮಮ್ಮ ಹೇಳಿದ ಗಾದೆಯನ್ನೂ ಬರೆದಿದ್ದೀಯ. ಮುಳ್ಳು ಎಲೆಯ ಮೇಲೆ ಬಿದ್ದರೂ, ಎಲೆ ಮುಳ್ಳಿನ ಮೇಲೆ ಬಿದ್ದರೂ ಹರಿಯುವುದು ಎಲೆಯೇ. ಅಮ್ಮ ಭಯದಿಂದ ಹೇಳಿದ್ದಾರೆ, ಅವರನ್ನು ದೂರಬೇಡ. ಕಾಲ ಹಾಗಿದೆ, ಹೊರಗೆ ಹೋಗುವಾಗ ಎಚ್ಚರ ಬೇಕು ಅನ್ನುವುದನ್ನು ನಾನೂ ಒಪ್ಪುತ್ತೇನೆ. ಆದರೆ ಗಾದೆಯಲ್ಲಿರುವ ಎಲೆ ಯಾವುದು, ಯೋಚನೆ ಮಾಡು. ಬಾಳೆ ಎಲೆ. ಹರಿಯಬಾರದು ಯಾಕೆಂದರೆ ಅದರ ಮೇಲೆ ಇನ್ಯಾರೋ ಉಣ್ಣಬೇಕು, ಉಂಡ ಮೇಲೆ ಎಸೆಯಬೇಕು. ನಿನ್ನನ್ನು ಯಾರ ಊಟಕ್ಕೆ ಹಾಸಿದ್ದಾರೆ? ಬಸ್‌ಸ್ಟ್ಯಾಂಡಿನಲ್ಲಿ ಒಬ್ಬ ಹುಡುಗ ಲೆಕ್ಚರರ ಅಣಕ ಮಾಡಿದ, ನೀನು ನಕ್ಕೆ. ನಡೆದದ್ದು ಇಷ್ಟು. ಇದರಲ್ಲಿ ಹರಿಯುವಂಥದ್ದು ನನಗೇನೂ ಕಾಣಲಿಲ್ಲ. ಶಿಬಿರದಲ್ಲಿ ಪಕ್ಕದ ಸಭಾಂಗಣದಲ್ಲಿದ್ದ ಹುಡುಗರಿಗೆ ಅದೇ ಹೊತ್ತಿನಲ್ಲಿ ಗುರಿ, ಸಾಧನೆ, ಐಎಎಸ್ ಅಂತ ಭಾಷಣ ನಡೆಯುತ್ತಿತ್ತು ಅಂತಲೂ ಬರೆದಿದ್ದೀಯ. ಅವರಿಗೆ ಯಾರೂ ಇಂಕು ತೋರಿಸಿಲ್ಲ ನೋಡು.

ಕೇಳುವುದೇ ತಪ್ಪಾ ಅಂದೆ. ಮುನ್ನೂರು ವರ್ಷಕ್ಕೂ ಹಿಂದೆ, ಚಿಕ್ಕದೇವರಾಜ ಒಡೆಯರ ಅರಮನೆಯಲ್ಲಿ ಎಲೆ ಅಡಿಕೆ ಸಂಚಿ ಹೊರುವ ಊಳಿಗದ ಹೆಣ್ಣೊಬ್ಬಳಿದ್ದಳು, ಹೊನ್ನಮ್ಮ. ಆಗ ರಾಜಧಾನಿ ನಿಮ್ಮ ಜಿಲ್ಲೆಯ ಶ್ರೀರಂಗಪಟ್ಟಣ. ಅವಳು ಬರೆದದ್ದು 'ಹದಿಬದೆಯ ಧರ್ಮ', ಅಂದರೆ ಪತಿವ್ರತೆ ಹೇಗೆ ನಡೆಯಬೇಕು ಅನ್ನುವ ಕಾವ್ಯ. ಇಂದಿನ ಶಿಬಿರದವರು ಪಠ್ಯ ಮಾಡಿಕೊಳ್ಳಬಹುದಾದ ವಿಷಯ. ಆದರೆ ಅದರೊಳಗೇ ನಿಂತು ಅವಳು ಕೇಳುತ್ತಾಳೆ, ಹಡೆದವಳು ಹೆಣ್ಣಲ್ಲವೇ, ಸಾಕಿದವಳು ಹೆಣ್ಣಲ್ಲವೇ, ಮತ್ತೆ ಯಾಕೆ ಹೆಣ್ಣು ಹೆಣ್ಣು ಅಂತ ಹೀಗಳೆಯುತ್ತಾರೆ ಅಂತ. ಹಾಗೆ ಹೀಗಳೆಯುವವರನ್ನು ಅವಳು ಕರೆದದ್ದು 'ಕಣ್ಣು ಕಾಣದ ಗಾವಿಲರು'. ಗಾವಿಲ ಅಂದರೆ ದಡ್ಡ. ಅಷ್ಟು ಕೇಳಿದ್ದಕ್ಕೆ ಅವಳ ಭಕ್ತಿಗೇನೂ ಊನ ಬರಲಿಲ್ಲ. ಅವಳಿಗೂ ಐನೂರು ವರ್ಷ ಮೊದಲಿನ ಶರಣರು ಐದು ಸೂತಕಗಳನ್ನು ಪಟ್ಟಿ ಮಾಡಿ ನಿರಾಕರಿಸಿದರು, ಅದರಲ್ಲಿ ಮುಟ್ಟೂ ಒಂದು. ಅವರಿಗಿಂತ ದೊಡ್ಡ ಭಕ್ತರು ಬೇಕೇ? ತುಳುನಾಡಿನ ಕಡೆ ಫೆಬ್ರವರಿಯಲ್ಲಿ ಕೆಡ್ಡಸ ಮಾಡುತ್ತಾರೆ. ಭೂಮಿತಾಯಿ ಮುಟ್ಟಾದಳು ಅಂತ ಮೂರು ದಿನ ನೆಲ ಅಗೆಯುವುದಿಲ್ಲ, ಕೊನೆಯ ದಿನ ಅವಳಿಗೆ ಎಣ್ಣೆ ಎರೆಯುತ್ತಾರೆ. ನಿನ್ನ ಮನೆಯಲ್ಲೂ ನೋಡು. ನೀನು ದೊಡ್ಡವಳಾದಾಗ ಸೋದರಮಾವ ಸೊಪ್ಪಿನ ಗುಡ್ಲು ಹಾಕಿ, ಚಿಗಳಿ ತಿನ್ನಿಸಿ, ಹಸೆಗೆ ಕೂರಿಸಿ ಒಸಗೆ ಮಾಡಿದರಂತೆ. ಮೊದಲ ತಿಂಗಳು ಆರತಿ, ಎರಡನೆಯ ತಿಂಗಳಿಂದ ಹಿತ್ತಿಲ ಕೋಣೆ. ರಕ್ತ ಅದೇ. ಅದೂ ಎಷ್ಟು? ಸಾಮಾನ್ಯವಾಗಿ 30ರಿಂದ 40 ಮಿಲಿಲೀಟರು, ಬೈ-ಟೂ ಕಾಫಿಗಿಂತ ಕಡಿಮೆ. ಸರ್ಕಾರ ಹೆಣ್ಣುಮಕ್ಕಳಿಗೆ ಪುಕ್ಕಟೆ ಪ್ಯಾಡ್ ಕೊಡುವ ಯೋಜನೆಗೂ 'ಶುಚಿ' ಅಂತಲೇ ಹೆಸರಿಟ್ಟಿದೆ. ಯೋಜನೆ ಒಳ್ಳೆಯದು, ಹೆಸರಿನ ಬಗ್ಗೆ ನನಗೆ ತಕರಾರಿದೆ.

ಇಲ್ಲಿಯವರೆಗಿನದು ಸಂಪಾದಕಿಯ ಮಾತು. ಮುಂದಿನದನ್ನು ಸ್ವಲ್ಪ ಗಂಭೀರವಾಗಿ ತಗೋ. ಮೂರು ಸಲ ಸ್ನಾನ, ಮತ್ತೆ ಮತ್ತೆ ಮೊದಲಿನಿಂದ ಸ್ತೋತ್ರ, ಒಂದು ಅಕ್ಷರ ತಪ್ಪಿದರೆ ಮನೆಯಲ್ಲಿ ಯಾರಿಗೋ ಏನೋ ಆಗುತ್ತದೆ ಅನ್ನುವ ದಿಗಿಲು. ಇದನ್ನು ಭಕ್ತಿ ಅಂದುಕೊಂಡಿದ್ದೀಯ. ಭಕ್ತಿಯಲ್ಲಿ ಹೀಗೆ ಸುಸ್ತಾಗುವುದಿಲ್ಲ. ಗೀಳು ಕಾಯಿಲೆ ಅಂತ ಒಂದಿದೆ, ಡಾಕ್ಟರುಗಳು ಒಸಿಡಿ ಅನ್ನುತ್ತಾರೆ. ದೇವರು, ಪಾಪ, ಮೈಲಿಗೆಯ ರೂಪದಲ್ಲಿಯೂ ಅದು ಬರುತ್ತದೆ. ನಿನಗೆ ಅದೇ ಇದೆ ಅಂತ ಕಾಗದ ನೋಡಿ ಹೇಳಲು ನಾನು ಡಾಕ್ಟರಲ್ಲ. ಆದರೆ ತೋರಿಸಲೇಬೇಕು. ಔಷಧಿ, ಮಾತಿನ ಚಿಕಿತ್ಸೆ ಎರಡೂ ಇವೆ, ಗುಣ ಕಾಣುತ್ತದೆ. 14416 ಅನ್ನುವುದು ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ. ದುಡ್ಡಿಲ್ಲ, ಹಗಲು ರಾತ್ರಿ ಇರುತ್ತದೆ, ಕನ್ನಡದಲ್ಲೇ ಮಾತಾಡುತ್ತಾರೆ. ಈ ಪುಟ ಓದಿ ಮುಗಿಸಿದ ಕೂಡಲೇ ಮಾಡು. ಆಮೇಲೆ ಅಮ್ಮನ ಜೊತೆ ಜಿಲ್ಲಾ ಆಸ್ಪತ್ರೆಯ ಮನೋವೈದ್ಯರ ಹತ್ತಿರ ಹೋಗು. ಅಮ್ಮನಿಗೆ ಹೇಗೆ ಹೇಳುವುದು ಅನ್ನಿಸಿದರೆ, ಈ ಪುಟವನ್ನೇ ಮಡಿಸಿ ಅವರ ದಿಂಬಿನ ಕೆಳಗಿಡು.

ಈ ವರ್ಷದ ಹಬ್ಬ ಹೇಗೆ ಅನ್ನುವುದಕ್ಕೆ ನನ್ನ ಹತ್ತಿರ ಒಂದೇ ಉತ್ತರವಿಲ್ಲ. ಮನೆಯವರ ಮೇಲೆ ಬಿದ್ದು ಜಗಳ ಮಾಡು ಅಂತ ಹೇಳಿ ನಾನು ಮೈಸೂರಿನಲ್ಲಿ ಆರಾಮಾಗಿ ಕೂರಲಾರೆ. ನೀನು ಪಿಯುಸಿ ಮುಗಿಸಬೇಕು, ಆ ಮನೆಯಲ್ಲೇ ಉಣ್ಣಬೇಕು. ಹಬ್ಬದ ದಿನವೇ ಮುಟ್ಟಾದರೆ ಹೇಳಿ ಮಲಗಬೇಕು ಅನ್ನಿಸಿದರೆ ಮಲಗು, ಹೊಟ್ಟೆನೋವಿಗೆ ಅದು ಒಳ್ಳೆಯದೇ. ಹೇಳದೆ ಅಲಂಕಾರ ಮಾಡಿದರೂ ಲಕ್ಷ್ಮಿ ಮುನಿಸಿಕೊಂಡು ಹೋಗುವುದಿಲ್ಲ ಅಂತ ನಾನು ನಂಬಿದ್ದೇನೆ. ಹೋದ ವರ್ಷ ನಿನ್ನ ಕೈಯಲ್ಲೇ ಸೀರೆ ಉಟ್ಟು ಸಂಜೆಯವರೆಗೂ ಕೂತಿದ್ದಳಲ್ಲ! ಒಂದು ಮಾತ್ರ ಬೇಡ. ಹಬ್ಬ ಬಂದರೆ ಮುಟ್ಟು ಮುಂದೆ ಹಾಕುವ ಮಾತ್ರೆಗೆ ಮೆಡಿಕಲ್ ಶಾಪಿನ ಮುಂದೆ ತಾಯಂದಿರು ನಿಲ್ಲುತ್ತಾರೆ. ಅವು ಹಾರ್ಮೋನಿನ ಮಾತ್ರೆ. ಡಾಕ್ಟರು ನೋಡದೆ ಬಾಯಿಗೆ ಹಾಕಬೇಡ, ಅಮ್ಮ ಕೊಟ್ಟರೂ.

ಕನ್ನಡಿಯ ವಿಚಾರ ಅವಸರವಿಲ್ಲ. ಬೆಳಿಗ್ಗೆ ಕುಂಕುಮ ಇಟ್ಟುಕೊಳ್ಳುವಾಗ ಎಷ್ಟು ಹೊತ್ತು ಬೇಕೋ ಅಷ್ಟು ಹೊತ್ತು ನೋಡು, ಸಾಕು.

ಕೊನೆಗೆ ನನ್ನದೊಂದು ಸ್ವಾರ್ಥ. ನಲವತ್ತು ವರ್ಷದಿಂದ ಕಳಶಕ್ಕೆ ಸೀರೆ ಉಡಿಸುತ್ತಿದ್ದೇನೆ, ಒಂದು ವರ್ಷವೂ ನೆರಿಗೆ ಸಾಯಂಕಾಲದವರೆಗೆ ನಿಂತಿಲ್ಲ. ರೇಷ್ಮೆ ಸೀರೆಯಾದರೆ ಹನ್ನೆರಡು ಗಂಟೆಗೇ ಜಾರುತ್ತದೆ. ನೀನು ಒಳಗೆ ಡಬ್ಬಿ ಇಟ್ಟು ಕಟ್ಟುತ್ತೀಯೋ, ಕಡ್ಡಿ ಸಿಕ್ಕಿಸುತ್ತೀಯೋ, ಪಿನ್ ಎಲ್ಲಿ ಹಾಕುತ್ತೀಯ? ಆಷಾಢ ಮುಗಿಯುವುದರೊಳಗೆ ವಿವರವಾಗಿ ಬರೆದು ಕಳಿಸು. ಬೇಕಿದ್ದರೆ ಒಂದು ಚಿತ್ರವನ್ನೂ ಹಾಕು, ನನಗೆ ಬರೀ ಮಾತಿನಲ್ಲಿ ಹೇಳಿದರೆ ಅರ್ಥವಾಗುವುದಿಲ್ಲ.