ಅಣ್ಣನ ಮೇಲೆ ದಾವೆ ಹೂಡಿದರೆ ತಪ್ಪೇನು?

ಬ್ರಹ್ಮಾವರದ ಕಡೆಯ ಓದುಗರೊಬ್ಬರು ಹೆಸರು ಹಾಕಬಾರದೆಂದು ಕೇಳಿಕೊಂಡು ಬರೆದಿದ್ದಾರೆ. ತಂದೆ ಇರುವಾಗಲೇ ಪಾಲುಪಟ್ಟಿ ನೋಂದಣಿಯಾಗಿ ಅವರಿಗೆ 18 ಸೆಂಟ್ಸ್ ಜಾಗ ಬಂದಿದೆ. ಈಗ ಅಣ್ಣ ಕಟ್ಟಿಸುತ್ತಿರುವ ಕೆಂಪುಕಲ್ಲಿನ ಕಂಪೌಂಡು ಗಡಿಯಾಗಿದ್ದ ಹಳೆಯ ಅಗಳನ್ನು (ಕಂದಕವನ್ನು) ದಾಟಿ ಇವರ ಎರಡು ತೆಂಗಿನಮರಗಳನ್ನು ಒಳಗೆ ಹಾಕಿಕೊಂಡಿದೆ. ಬಂಧುಗಳು ‘ಕೋರ್ಟಿನಲ್ಲಿ ಗೆದ್ದವ ಸೋತ, ಸೋತವ ಸತ್ತ’ ಎನ್ನುತ್ತಾರಂತೆ; ದೈವಕ್ಕೆ ಹೇಳಿಕೊಂಡು ಸುಮ್ಮನಿರು ಎನ್ನುತ್ತಾರಂತೆ. ದಾವೆ ಹೂಡಿದರೆ ತವರಿನ ಬಾಗಿಲು ಮುಚ್ಚಿದಂತೆಯೇ ಎಂಬುದು ಅವರ ಪ್ರಶ್ನೆ.

ಅಮ್ಮಾ, ಹಿರಿಯರು ಕೂತು ಮಾತಾಡಿ ಮುಗಿಸಿದರೆ ಒಳ್ಳೆಯದೇ. ಸಿವಿಲ್ ದಾವೆ ವರ್ಷಗಟ್ಟಲೆ ಎಳೆಯುತ್ತದೆ, ಅದೂ ನಿಜ. ಆದರೆ ಆ ಪಂಚಾಯತಿಕೆಯಲ್ಲಿ ಬಿಟ್ಟುಕೊಡುವವರು ಯಾರು? ‘ನಿನಗೆ ಗಂಡನ ಮನೆ ಇದೆಯಲ್ಲ’ ಎಂಬ ಒಂದೇ ಮಾತಿಗೆ ಹೆಣ್ಣುಮಕ್ಕಳ ಪಾಲು ಕರಗಿಹೋಗುತ್ತದೆ. ಮುಂಬೈಯಿಂದ ರಜೆಗೆ ಬಂದ ಅಕ್ಕನ ಮುಂದೆ, ಊಟದ ಎಲೆ ಎತ್ತುವ ಮೊದಲೇ, ಹಕ್ಕು ಬಿಡುಗಡೆ ಪತ್ರ ಇಟ್ಟದ್ದನ್ನು ಕಣ್ಣಾರೆ ಕಂಡಿದ್ದೇನೆ. ಆಕೆ ಇನ್ನೂ ಕನ್ನಡಕ ಹುಡುಕುತ್ತಿದ್ದರು. ತಮ್ಮನೋ ಪೆನ್ನಿನ ಮುಚ್ಚಳ ತೆಗೆದು ಹಿಡಿದಿದ್ದ.

ಇದು ನಡೆಯುವುದು ಅಳಿಯಸಂತಾನ ಕಟ್ಟಿನ ನಾಡಿನಲ್ಲಿ! ಎಲ್ಲ ಸಮುದಾಯಗಳಿಗೂ ಆ ಕಟ್ಟು ಇರಲಿಲ್ಲ, ಇದ್ದಲ್ಲಿಯೂ ಯಜಮಾನಿಕೆ ಹೆಚ್ಚಾಗಿ ಸೋದರಮಾವನದೇ. ಆದರೂ ಕುಟುಂಬದ ಆಸ್ತಿ ಹೆಣ್ಣಿನ ಸಂತತಿಯಲ್ಲಿ ಇಳಿದುಬಂದ ನೆಲವಿದು. ಈಗ ಹಿಂದೂ ಉತ್ತರಾಧಿಕಾರ ಕಾಯ್ದೆಯ 2005ರ ತಿದ್ದುಪಡಿಯಿಂದ ಹಿಂದೂ ಅವಿಭಕ್ತ ಕುಟುಂಬದ ಪಿತ್ರಾರ್ಜಿತದಲ್ಲಿ ಮಗಳಿಗೂ ಹುಟ್ಟಿನಿಂದಲೇ ಮಗನಷ್ಟು ಹಕ್ಕಿದೆ. ಅದಕ್ಕೆ ಆ ವರ್ಷ ತಂದೆ ಬದುಕಿರಬೇಕಿರಲಿಲ್ಲ ಎಂದು 2020ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಇಷ್ಟಾದರೂ ಪಾಲು ಕೇಳಿದವಳು ಮನೆಮುರುಕಿ. ಹೆದ್ದಾರಿ ಅಗಲವಾಗಿ ಸೆಂಟ್ಸಿನ ಬೆಲೆ ಏರಿದ ಕೂಡಲೇ ಅಗಳು ಒತ್ತಿದವನಿಗೆ ಯಾವ ಬಿರುದೂ ಇಲ್ಲ. ದೈವದ ಮೇಲಿನ ನಿಮ್ಮ ಭಕ್ತಿ ದೊಡ್ಡದು. ಅದೇ ದೈವದ ಹೆಸರನ್ನು ಕಲ್ಲು ಇಡುವ ದಿನ ಅಣ್ಣನಿಗೆ ಯಾರಾದರೂ ನೆನಪಿಸಿದರೇ?

ನಿಮ್ಮನ್ನೂ ಸ್ವಲ್ಪ ಗದರಬೇಕಾಗಿದೆ. ಪಾಲುಪಟ್ಟಿ ಆಗಿದೆ ಎಂದಿರಿ, ಪೋಡಿ (ಸರ್ವೆಯಲ್ಲಿ ನಿಮ್ಮ ಪಾಲನ್ನು ಅಳೆದು ಬೇರೆ ನಕ್ಷೆ ಮಾಡುವುದು) ಆಗಿದೆಯೇ ಎಂದು ಬರೆಯಲಿಲ್ಲ. ‘ಪೂರ್ವಕ್ಕೆ ಅಗಳು, ಉತ್ತರಕ್ಕೆ ಹಲಸಿನ ಮರ’ ಎಂದು ಪತ್ರದಲ್ಲಿ ಬರೆಸಿ ನಿಶ್ಚಿಂತರಾಗುವುದು ನಮ್ಮವರ ರೂಢಿ. ಹಲಸು ಮರದ ಮಿಲ್ಲಿಗೆ ಹೋಗುತ್ತದೆ, ಅಗಳು ಜೆಸಿಬಿಯ ಬಾಯಿಗೆ. ಪೋಡಿಯಾಗಿದ್ದರೆ ಹದ್ದುಬಸ್ತಿಗೆ, ಅಂದರೆ ಗಡಿ ಅಳೆದು ಗುರುತಿಸಿಕೊಡಲು, ಅರ್ಜಿ ಕೊಡಿ. ಸರ್ವೆಯರ್ ಅಕ್ಕಪಕ್ಕದವರಿಗೆ ನೋಟಿಸು ಕೊಟ್ಟು ಅಳೆಯುತ್ತಾರೆ. ಗೋಡೆ ಇನ್ನೂ ಏಳುತ್ತಿರುವುದರಿಂದ ವಕೀಲರನ್ನು ಈ ವಾರವೇ ಕಾಣಿರಿ. ಅಣ್ಣ ನಿಮ್ಮ ಹಕ್ಕನ್ನೇ ಅಲ್ಲಗಳೆದರೆ ಬರೀ ತಡೆಯಾಜ್ಞೆ ಸಾಲದು; ಹಕ್ಕಿನ ಘೋಷಣೆ ಮತ್ತು ಸ್ವಾಧೀನವನ್ನೂ ಕೇಳಬೇಕಾಗುತ್ತದೆ. 12 ವರ್ಷ ಸುಮ್ಮನಿದ್ದರೆ ಆ ಜಾಗ ತನ್ನದೇ ಆಯಿತೆಂಬ ವಾದಕ್ಕೆ ದಾರಿಯಾಗುತ್ತದೆ.

ಸಿವಿಲ್ ಪ್ರಕ್ರಿಯಾ ಸಂಹಿತೆಯ 26ನೇ ಆದೇಶದಂತೆ ಕೋರ್ಟು ಕಮಿಷನರನ್ನು ನೇಮಿಸಿ ಜಾಗ ಅಳೆಸಬಹುದು. ಕಾರ್ಕಳದ ಕಡೆ ಅಂಥ ಅಳತೆಯೊಂದನ್ನು ನೋಡಿದ್ದೇನೆ. ಎಷ್ಟೋ ವರ್ಷಗಳಿಂದ ಮಾತು ಬಿಟ್ಟಿದ್ದ ಅಣ್ಣತಮ್ಮಂದಿರು ಟೇಪಿನ ಎರಡು ತುದಿ ಹಿಡಿದು ನಿಂತಿದ್ದರು. ಒಣ ಮಡಲಿನ ರಾಶಿ ಸರಿಸಿದಾಗ ಗಡಿಕಲ್ಲು ಸಿಕ್ಕಿತು, ನಕ್ಷೆ ತೋರಿಸಿದ ಜಾಗದಲ್ಲೇ. ಆಮೇಲೆ ಲೋಕ ಅದಾಲತ್‌ನಲ್ಲಿ ರಾಜಿಯಾದರು. ಕೋರ್ಟಿನ ಮೆಟ್ಟಿಲು ಹತ್ತಿದ ಮೇಲಿನ ರಾಜಿಯಲ್ಲಿ ಇಬ್ಬರೂ ಸಮನಾಗಿ ಕೂರುತ್ತಾರೆ. ಅದಾಲತ್‌ನ ತೀರ್ಪಿಗೆ ಕೋರ್ಟಿನ ಡಿಕ್ರಿಯ ಬೆಲೆಯಿದೆ, ಅದರ ಮೇಲೆ ಅಪೀಲಿಲ್ಲ, ಕೋರ್ಟು ಶುಲ್ಕವೂ ಮರಳುತ್ತದೆ. ಗಡಿ ಗಟ್ಟಿಯಾದ ಎಷ್ಟೋ ತವರುಮನೆಗಳಲ್ಲಿ ಅಷ್ಟಮಿಗೆ ತಂಗಿಯನ್ನು ಮತ್ತೆ ಕರೆದದ್ದನ್ನು ನಾನು ಬಲ್ಲೆ.

ಖರ್ಚಿನ ಭಯ ಬೇಡ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯಂತೆ ಮಹಿಳೆಯರಿಗೆ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತಾರೆ. ಪಾಲುಪಟ್ಟಿ, ಪಹಣಿಗಳ ಪ್ರತಿ ಹಿಡಿದುಕೊಂಡು ಉಡುಪಿಯ ಜಿಲ್ಲಾ ಪ್ರಾಧಿಕಾರದ ಕಚೇರಿಗೆ ಹೋಗಿರಿ. ಗೋಡೆಯ ಫೋಟೋಗಳನ್ನು ಇವತ್ತೇ ತೆಗೆದಿಡಿ.