ಅರ್ಥವಾಯಿತು ಎನ್ನುವುದಕ್ಕೂ ಕಲಿತದ್ದಕ್ಕೂ ನಡುವೆ

(ತುಮಕೂರಿನ ಓದುಗರೊಬ್ಬರ ಪತ್ರದ ಸಾರ: ದ್ವಿತೀಯ ಪಿಯುಸಿ ವಿಜ್ಞಾನ ಓದುತ್ತಿರುವ ಅವರ ಮಗಳು ಸಂಜೆಯಿಡೀ ವಿಡಿಯೊ ಪಾಠ ನೋಡುತ್ತಾಳೆ, ಪಠ್ಯಪುಸ್ತಕದ ಸಾಲುಗಳಿಗೆ ಬಣ್ಣ ಬಳಿಯುತ್ತಾಳೆ, ಕೇಳಿದರೆ ಎಲ್ಲವೂ ಅರ್ಥವಾಗಿದೆ ಎನ್ನುತ್ತಾಳೆ, ಆದರೆ ಕಿರುಪರೀಕ್ಷೆಗಳಲ್ಲಿ ಅಂಕ ಬರುತ್ತಿಲ್ಲ. ಪೋಷಕರ ಸಭೆಯಲ್ಲಿ ತೋರಿಸಿದ ಪಟವೊಂದರ ಪ್ರಕಾರ ಓದಿದ್ದರಲ್ಲಿ ಶೇ 10, ಕೇಳಿದ್ದರಲ್ಲಿ ಶೇ 20, ಮಾಡಿದ್ದರಲ್ಲಿ ಶೇ 90ರಷ್ಟು ನೆನಪಿನಲ್ಲಿ ಉಳಿಯುತ್ತದಂತೆ. ಹಾಗಾದರೆ ಓದುವುದೂ ಪಾಠ ಕೇಳುವುದೂ ವ್ಯರ್ಥವೇ, ವಿಡಿಯೊ ಪಾಠಗಳನ್ನು ನಿಲ್ಲಿಸಿಬಿಡಬೇಕೇ ಎಂಬುದು ಅವರ ಪ್ರಶ್ನೆ.)

ಮಾನ್ಯರೇ,

ಮೊದಲು ಆ ಪಟದ ವಿಷಯ. ಅದರಲ್ಲಿರುವ ಅಂಕಿಗಳನ್ನು ದಯವಿಟ್ಟು ನಂಬಬೇಡಿ. ಅಮೆರಿಕದ ಶಿಕ್ಷಣತಜ್ಞ ಎಡ್ಗರ್ ಡೇಲ್ 1946ರಲ್ಲಿ ಪ್ರಕಟಿಸಿದ ‘ಅನುಭವದ ಶಂಕು’ ಎಂಬ ಚಿತ್ರದಲ್ಲಿ ನೇರ ಅನುಭವ ಬುಡದಲ್ಲಿಯೂ ಬರಿಯ ಮಾತು ತುದಿಯಲ್ಲಿಯೂ ಇದ್ದವು. ಶೇಕಡಾವಾರು ಲೆಕ್ಕ ಅದರಲ್ಲಿ ಇರಲೇ ಇಲ್ಲ. ಆ ದುಂಡು ಅಂಕಿಗಳನ್ನು ಬೇರೆಯವರು ಅಂಟಿಸಿದರು, ಅವುಗಳ ಹಿಂದೆ ಯಾವ ಪ್ರಯೋಗವೂ ಇಲ್ಲ. ಮಕ್ಕಳ ಓದಿನ ಬಗ್ಗೆ ತಂದೆತಾಯಿಗಳಿಗೆ ತಿಳಿಹೇಳುವ ಸಭೆಗಳಲ್ಲಿ ಇಂಥ ಪಟಗಳು ಇನ್ನೂ ಕಾಣಿಸಿಕೊಳ್ಳುವುದು ನನಗೆ ನಿಜವಾಗಿಯೂ ಬೇಸರದ ಸಂಗತಿ, ಏಕೆಂದರೆ ಇದೇ ವಿಷಯದಲ್ಲಿ ಗಟ್ಟಿಯಾದ ಪ್ರಯೋಗಗಳು ನಡೆದಿವೆ.

ಹೆನ್ರಿ ರೋಡಿಗರ್ ಮತ್ತು ಜೆಫ್ರಿ ಕಾರ್ಪಿಕಿ ಎಂಬ ಮನಶ್ಶಾಸ್ತ್ರಜ್ಞರು 2006ರಲ್ಲಿ ಪ್ರಕಟಿಸಿದ ಅಧ್ಯಯನವನ್ನೇ ನೋಡಿ. ಕಾಲೇಜು ವಿದ್ಯಾರ್ಥಿಗಳ ಒಂದು ಗುಂಪು ಚಿಕ್ಕದೊಂದು ಗದ್ಯಭಾಗವನ್ನು ನಾಲ್ಕು ಅವಧಿಗಳಲ್ಲಿ ಮತ್ತೆ ಮತ್ತೆ ಓದಿತು. ಇನ್ನೊಂದು ಗುಂಪು ಒಂದೇ ಅವಧಿ ಓದಿ, ಉಳಿದ ಮೂರರಲ್ಲಿ ಪುಟವನ್ನು ನೋಡದೆ ನೆನಪಿಗೆ ಬಂದಷ್ಟನ್ನು ಬರೆಯಿತು. ಐದು ನಿಮಿಷ ಬಿಟ್ಟು ಪರೀಕ್ಷಿಸಿದಾಗ ಓದುತ್ತಲೇ ಇದ್ದವರು ಶೇ 83ರಷ್ಟನ್ನೂ ಬರೆದು ನೋಡಿದವರು ಶೇ 71ರಷ್ಟನ್ನೂ ಹೇಳಿದರು. ವಾರ ಕಳೆದ ಮೇಲೆ ಲೆಕ್ಕ ತಲೆಕೆಳಗಾಯಿತು: ಓದಿದವರಲ್ಲಿ ಉಳಿದದ್ದು ಶೇ 40, ಬರೆದವರಲ್ಲಿ ಶೇ 61. ನಿಮ್ಮ ಮಗಳು ಸುಳ್ಳು ಹೇಳುತ್ತಿಲ್ಲ ಎಂಬುದಕ್ಕೂ ಇದೇ ಆಧಾರ. ಪುಸ್ತಕ ಮುಚ್ಚಿದ ಗಳಿಗೆಯಲ್ಲಿ ಅವಳಿಗೆ ಎಲ್ಲವೂ ನೆನಪಿರುತ್ತದೆ. ಪರೀಕ್ಷೆ ಮಾತ್ರ ಆ ಗಳಿಗೆಯಲ್ಲಿ ನಡೆಯುವುದಿಲ್ಲ.

ಗಣಿತದಲ್ಲಿ ಈ ತೊಡಕು ಇನ್ನೂ ಆಳವಾದದ್ದು. ಅವಳ ಪಠ್ಯದಲ್ಲಿಯೇ ಇರುವ ಇಂಟಿಗ್ರೇಷನ್ ಬೈ ಪಾರ್ಟ್ಸ್, ಅಂದರೆ ಎರಡು ಫಂಕ್ಷನ್‌ಗಳ ಗುಣಲಬ್ಧವನ್ನು ಭಾಗ ಮಾಡಿಕೊಂಡು ಇಂಟಿಗ್ರೇಟ್ ಮಾಡುವ ಕ್ರಮವನ್ನು ತೆಗೆದುಕೊಳ್ಳಿ. ಎಕ್ಸ್ ಮತ್ತು ಇ ಘಾತ ಎಕ್ಸ್, ಇವೆರಡರ ಗುಣಲಬ್ಧವನ್ನು ಇಂಟಿಗ್ರೇಟ್ ಮಾಡಬೇಕಾದಾಗ ಯಾವುದನ್ನು ಮೊದಲ ಫಂಕ್ಷನ್ ಎಂದು ಹಿಡಿಯುತ್ತೇವೆ ಎಂಬುದರಲ್ಲಿಯೇ ಲೆಕ್ಕದ ಜೀವ ಇದೆ. ಎಕ್ಸ್ ಅನ್ನು ಹಿಡಿದರೆ ಅದು ಮುಂದಿನ ಸಾಲಿನಲ್ಲಿ ಒಂದಾಗಿ ಕರಗಿ ಉತ್ತರ ಕೈಗೆ ಬರುತ್ತದೆ. ಇ ಘಾತ ಎಕ್ಸ್ ಅನ್ನು ಹಿಡಿದರೆ ಎಕ್ಸ್ ವರ್ಗ ಬಂದು ಕುಳಿತು, ಬಿಡಿಸಬೇಕಾದ ಲೆಕ್ಕ ಮೊದಲಿಗಿಂತ ಕಠಿಣವಾಗುತ್ತದೆ. ವಿಡಿಯೊದಲ್ಲಿ ಪಾಠ ಮಾಡುವವರು ಈ ಆಯ್ಕೆಯನ್ನು ಕ್ಷಣಮಾತ್ರದಲ್ಲಿ ಮಾಡಿ ಮುಂದೆ ಸಾಗುತ್ತಾರೆ. ನೋಡುವವಳಿಗೆ ಪ್ರತಿ ಸಾಲೂ ಸರಿಯೆನಿಸುತ್ತದೆ, ಆದರೆ ಆಯ್ಕೆ ಮಾಡುವ ಸಂದರ್ಭ ಅವಳ ಪಾಲಿಗೆ ಬರುವುದೇ ಇಲ್ಲ. ಪರೀಕ್ಷೆಯ ಹಾಳೆಯ ಮುಂದೆ ಮೊದಲ ಬಾರಿಗೆ ಅದು ಎದುರಾದಾಗ ಪೆನ್ನು ನಿಂತುಬಿಡುತ್ತದೆ.

ಹಾಗೆಂದು ಪಾಠ ಕೇಳುವುದನ್ನು ನಾನು ಹೀಗಳೆಯಲಾರೆ. ಆಸ್ಟ್ರೇಲಿಯಾದ ಜಾನ್ ಸ್ವೆಲ್ಲರ್ ಮತ್ತು ಗ್ರಹಾಂ ಕೂಪರ್ 1985ರಲ್ಲಿ ತೋರಿಸಿದಂತೆ, ಬೀಜಗಣಿತದಲ್ಲಿ ಹೊಸಬರಾದವರಿಗೆ ತಾವೇ ತಡಕಾಡುವುದಕ್ಕಿಂತ ಬಿಡಿಸಿಟ್ಟ ಲೆಕ್ಕಗಳನ್ನು ಗಮನವಿಟ್ಟು ನೋಡುವುದರಿಂದ ಹೆಚ್ಚು ಲಾಭವಿದೆ. ಏನೂ ಗೊತ್ತಿಲ್ಲದ ಮಗುವಿಗೆ ‘ನೀನೇ ಕಂಡುಹಿಡಿ’ ಎನ್ನುವುದು ಅನ್ಯಾಯ. ಸಂಗೀತ ಪಾಠದಲ್ಲಿ ಗುರುಗಳು ಸರಳೆ ವರಸೆಯ ಒಂದು ಸಾಲು ಹಾಡುವಾಗ ಶಿಷ್ಯೆ ಸುಮ್ಮನೆ ಕೇಳುತ್ತಾಳೆ. ಮರುಕ್ಷಣವೇ ಅದನ್ನು ತಿರುಗಿ ಹಾಡಬೇಕಾಗಿರುವುದರಿಂದ ಆ ಕೇಳುವಿಕೆಗೆ ಬೇರೆಯದೇ ಎಚ್ಚರ ಬರುತ್ತದೆ. ನಿಮ್ಮ ಮಗಳ ದಿನಚರಿಯಲ್ಲಿ ಕೇಳುವುದು ಧಾರಾಳವಾಗಿದೆ, ತಿರುಗಿ ಹಾಡುವ ಭಾಗ ಬಿಟ್ಟುಹೋಗಿದೆ.

ಕೈಗೆ ಕೆಲಸ ಕೊಟ್ಟ ಮಾತ್ರಕ್ಕೆ ಕಲಿಕೆ ಸಕ್ರಿಯವಾಗುವುದಿಲ್ಲ ಎಂಬುದನ್ನೂ ಇಲ್ಲಿಯೇ ಹೇಳಬೇಕು. ಸಾಲುಗಳಿಗೆ ಬಣ್ಣ ಬಳಿಯುವುದು, ಪುಸ್ತಕ ನೋಡಿಕೊಂಡು ನೋಟ್ಸನ್ನು ಅಂದವಾಗಿ ನಕಲು ಮಾಡುವುದು, ಚಾರ್ಟಿಗೆ ಚಿತ್ರ ಅಂಟಿಸುವುದು, ಇವುಗಳಲ್ಲಿ ಕೈ ಓಡುತ್ತದೆ, ನೆನಪು ದುಡಿಯುವುದಿಲ್ಲ. ಕಣ್ಣು ಮುಚ್ಚಿ ಕುಳಿತು, ಮೂತ್ರಪಿಂಡದ ಸೂಕ್ಷ್ಮ ಘಟಕವಾದ ನೆಫ್ರಾನಿನ ಭಾಗಗಳನ್ನು ಒಂದೊಂದಾಗಿ ನೆನಪಿಸಿಕೊಳ್ಳುವ ಹುಡುಗಿ ಹೊರನೋಟಕ್ಕೆ ಏನೂ ಮಾಡುತ್ತಿರುವುದಿಲ್ಲ. ಆದರೂ ಕಲಿಕೆ ನಡೆಯುತ್ತಿರುವುದು ಅವಳಲ್ಲಿಯೇ.

ಇನ್ನು ವಿಡಿಯೊಗಳ ಪ್ರಶ್ನೆ. ನಿಲ್ಲಿಸಬೇಡಿ, ನೋಡುವ ಬಗೆಯನ್ನು ಬದಲಿಸಲು ಹೇಳಿ. ಮೊದಲ ಒಂದೆರಡು ಲೆಕ್ಕಗಳನ್ನು ಪೂರ್ತಿಯಾಗಿ ನೋಡಲಿ. ಮೂರನೆಯದರಲ್ಲಿ ಪ್ರಶ್ನೆ ಬಂದ ಕೂಡಲೇ ವಿಡಿಯೊ ನಿಲ್ಲಿಸಿ, ತಪ್ಪಾದರೂ ಸರಿ, ತಾನೇ ಕೊನೆಯವರೆಗೆ ಬಿಡಿಸಿ, ಆಮೇಲೆ ಹೋಲಿಸಿ ನೋಡಲಿ. ಜೀವಶಾಸ್ತ್ರದ ಅಧ್ಯಾಯವಾದರೆ ಓದಿ ಮುಗಿಸಿ, ಪುಸ್ತಕ ಮುಚ್ಚಿ, ಬಿಳಿ ಹಾಳೆಯಲ್ಲಿ ನೆನಪಾದಷ್ಟನ್ನು ಬರೆಯಲಿ. ಬಿಟ್ಟುಹೋದದ್ದನ್ನು ಬೇರೆ ಬಣ್ಣದ ಪೆನ್ನಿನಲ್ಲಿ ತುಂಬಲಿ. ಎರಡು ಮೂರು ದಿನ ಬಿಟ್ಟು ಇನ್ನೊಂದು ಹಾಳೆಯಲ್ಲಿ ಮತ್ತೆ ಬರೆಯಲಿ. ನಿಮಗೆ ವಿಷಯ ಗೊತ್ತಿಲ್ಲದಿದ್ದರೂ ಪುಸ್ತಕವನ್ನು ಕೈಯಲ್ಲಿ ಹಿಡಿದು ಅವಳಿಗೆ ಪ್ರಶ್ನೆ ಕೇಳಬಹುದು.

ಒಂದು ಎಚ್ಚರಿಕೆ ಮಾತ್ರ ಅಗತ್ಯ. 2019ರಲ್ಲಿ ಹಾರ್ವರ್ಡ್ ವಿಶ್ವವಿದ್ಯಾಲಯದ ಭೌತಶಾಸ್ತ್ರ ತರಗತಿಗಳಲ್ಲಿ ನಡೆದ ಅಧ್ಯಯನವೊಂದರ ವರದಿ ಬಂತು: ತಾವೇ ಸಮಸ್ಯೆಗಳನ್ನು ಬಿಡಿಸುತ್ತ ಕಲಿತವರು ಪರೀಕ್ಷೆಯಲ್ಲಿ ಹೆಚ್ಚು ಅಂಕ ಗಳಿಸಿದರು, ಆದರೆ ಸೊಗಸಾದ ಉಪನ್ಯಾಸ ಕೇಳಿದವರಿಗಿಂತ ತಾವು ಕಡಿಮೆ ಕಲಿತೆವೆಂದೇ ಅವರಿಗೆ ಅನಿಸಿತ್ತು. ನಿಮ್ಮ ಮಗಳಿಗೂ ಹಾಗೆಯೇ ಅನಿಸುತ್ತದೆ. ಬಿಳಿ ಹಾಳೆ ಅರ್ಧವೂ ತುಂಬದಿದ್ದಾಗ, ‘ವಿಡಿಯೊ ನೋಡುವಾಗಲೇ ಚೆನ್ನಾಗಿತ್ತು, ಈಗ ಎಲ್ಲವೂ ಮರೆತುಹೋಗುತ್ತಿದೆ’ ಎಂದು ಅವಳು ಅಳುಮುಖ ಮಾಡಬಹುದು. ಆಗ ಗದರಿಸಬೇಡಿ, ಅಂಕದ ಮಾತೆತ್ತಬೇಡಿ. ಹಳೆಯ ಹಾಳೆಗಳನ್ನು ಎಸೆಯದೆ ದಿನಾಂಕ ಹಾಕಿ ಇಡಿಸಿ, ಅದೇ ಅಧ್ಯಾಯದ ಮೊದಲ ಹಾಳೆಯನ್ನೂ ಮೂರನೆಯ ಹಾಳೆಯನ್ನೂ ಅವಳ ಮುಂದೆ ಅಕ್ಕಪಕ್ಕ ಇಡಿ.

— ಸಂಪಾದಕ